ತಿಂಗಳಿಗೊಬ್ಬ ಆಟಗಾರ: ಹಾಸನದ ಚೆಸ್ ತರಗತಿಯಲ್ಲಿ ದೊಡ್ಡವರ ಆಟ ಓದಿಸುವ ನನ್ನ ಅನುಭವ

ಹಾಸನದಂಥ ಊರಲ್ಲಿ ಚೆಸ್ ಕಲಿಸುವವರಿಗೆ ಕಾಡುವುದು ಬೋರ್ಡಿನ ಕೊರತೆಯಲ್ಲ, ಎದುರಾಳಿಯ ಕೊರತೆ. 1500 ರೇಟಿಂಗ್ (ಆಟದ ಬಲ ಅಳೆಯುವ ಅಂಕಿ) ದಾಟಿದ ಹುಡುಗನಿಗೆ ತನಗಿಂತ ಮುನ್ನೂರು ಪಾಯಿಂಟ್ ಬಲವಾದವರು ವಾರವಾರ ಎದುರು ಕೂರಲು ಸಿಗುವುದಿಲ್ಲ. ಆಲೂರು, ಅರಕಲಗೂಡು, ಸಕಲೇಶಪುರದಿಂದ ಬಸ್ಸು ಹಿಡಿದು ಬರುವ ಮಕ್ಕಳಿಗಂತೂ ತರಗತಿಯ ಅದೇ ಆರೇಳು ಮುಖಗಳೇ ಗತಿ. ಯಾರು ಯಾವ ಓಪನಿಂಗ್ ಆಡುತ್ತಾರೆ, ಯಾವಾಗ ಆತುರಪಡುತ್ತಾರೆ ಎಲ್ಲ ಬಾಯಿಪಾಠವಾಗಿಬಿಟ್ಟಿರುತ್ತದೆ. ಹಾಗಾಗಿ ಬಲವಾದ ಎದುರಾಳಿಯನ್ನು, ದೊಡ್ಡವರ ನಡೆಗಳನ್ನು ಬರೆದಿಟ್ಟ ಸ್ಕೋರ್‌ಶೀಟಿನಿಂದಲೇ ಎಬ್ಬಿಸಿ ಕೂರಿಸುವುದು ನಾನು ಹಿಡಿದ ದಾರಿ. ತಿಂಗಳಿಗೊಬ್ಬ ಆಟಗಾರ, ವಾರಕ್ಕೆ ಅವನ ಎರಡು ಆಟ, ಜೊತೆಗೆ ಒಂದು ಪುಟ ಅವನ ಬದುಕು. ಸ್ಫೂರ್ತಿಯ ಭಾಷಣ ಇದರಲ್ಲಿ ಬರುವುದಿಲ್ಲ.

ಮೊದಲು ಸಾಮಾನಿನ ವಿಚಾರ. ಚೌಕ ಐದೂವರೆ ಸೆಂಟಿಮೀಟರ್ ಆಸುಪಾಸಿನ ವಿನೈಲ್ ಹಾಸು, ರಾಜ ಒಂಬತ್ತೂವರೆ ಸೆಂಟಿಮೀಟರ್ ಎತ್ತರವಿರುವ, ತಳದಲ್ಲಿ ತೂಕವಿರುವ ಪ್ಲಾಸ್ಟಿಕ್ ಕಾಯಿ. ಟೂರ್ನಿಯಲ್ಲೂ ಇದೇ ಅಳತೆ ಸಿಗುತ್ತದೆ. ಮರದ ಬೋರ್ಡು ನೋಡಲು ಚೆಂದ, ಆದರೆ ನಮ್ಮ ಕಡೆಯ ಮಳೆಗಾಲದ ತೇವಕ್ಕೆ ಅಂಚು ಸೊಟ್ಟಗಾಗುತ್ತದೆ, ಕಾಯಿಯಡಿಯ ಬಟ್ಟೆ ಕಿತ್ತುಬರುತ್ತದೆ. ವಿನೈಲಾದರೆ ಒರೆಸಿ ಸುತ್ತಿಟ್ಟರೆ ಮುಗಿಯಿತು, ಎಷ್ಟೇ ವರ್ಷ ಬರುತ್ತದೆ. ಕರೆಂಟು ಹೋದಾಗ ತರಗತಿ ನಿಲ್ಲದಂತೆ ಚಾರ್ಜಿಂಗ್ ದೀಪ ಒಂದು. ಡಿಜಿಟಲ್ ಗಡಿಯಾರ ಎರಡು ಬೋರ್ಡಿಗೊಂದರಂತೆ ಇದ್ದರೂ ಸಾಕು.

ಈ ಪಾಠಕ್ಕೆ ಮೊಬೈಲ್ ಬೇಡ ಎನ್ನಲು ಕಾರಣ ಎರಡು. ಪರದೆಯ ಮೇಲೆ ಇಡೀ ಬೋರ್ಡನ್ನು ಮೇಲಿನಿಂದ ನೋಡಿ ಅಭ್ಯಾಸವಾದ ಮಗು ಟೂರ್ನಿಯಲ್ಲಿ ಕೂತು ಓರೆಯಾಗಿ ನೋಡುವಾಗ, ಮೂಲೆಯಿಂದ ಮೂಲೆಗೆ ಹಾಯುವ ಒಂಟೆಯನ್ನು ಕಾಣುವುದೇ ಇಲ್ಲ. ಎರಡನೆಯದು, ಪರದೆಯಲ್ಲಿ ಯೋಚನೆಗಿಂತ ಮೊದಲು ಬೆರಳು ಕಾಯಿಯನ್ನು ಎಳೆದು ನೋಡುತ್ತದೆ. ಟೂರ್ನಿಯಲ್ಲಿ ಮುಟ್ಟಿದ ಕಾಯಿಯನ್ನೇ ನಡೆಸಬೇಕು.

ಆಟ ಹುಡುಕುವುದು ಈಗ ಸುಲಭ. ದೊಡ್ಡವರ ಆಟಗಳೆಲ್ಲ ಪಿಜಿಎನ್ (ನಡೆಗಳನ್ನು ಬರೆದಿಡುವ ಕಂಪ್ಯೂಟರ್ ಫೈಲು) ರೂಪದಲ್ಲಿ ಪುಕ್ಕಟೆ ಸಿಗುತ್ತವೆ. ಇಳಿಸಿಕೊಂಡು ನಡೆಗಳನ್ನಷ್ಟೇ ಮುದ್ರಿಸಿಕೊಳ್ಳುತ್ತೇನೆ. ಟಿಪ್ಪಣಿ, ಎಂಜಿನ್ (ಚೆಸ್ ಆಡುವ ಸಾಫ್ಟ್‌ವೇರ್) ಕೊಡುವ ಅಂಕ, ಆಶ್ಚರ್ಯಸೂಚಕ ಚಿಹ್ನೆ ಎಲ್ಲ ತೆಗೆದುಬಿಡಬೇಕು. ಒಂದು ಆಶ್ಚರ್ಯಸೂಚಕ ಉಳಿದರೂ ಮಗು ಅಲ್ಲಿ ಏನೋ ಬಲಿದಾನ ಇದೆ ಎಂದು ಊಹಿಸಿಬಿಡುತ್ತದೆ.

ತರಗತಿ ತೊಂಬತ್ತು ನಿಮಿಷ. ಮೊದಲ ಎಂಟು ಹತ್ತು ನಡೆಗಳನ್ನು ನಾನೇ ಓದುತ್ತೇನೆ, ಮಕ್ಕಳು ಬೋರ್ಡಿನ ಮೇಲೆ ಆಡುತ್ತಾರೆ. ಆಮೇಲೆ ಮೊದಲೇ ಗುರುತು ಮಾಡಿಟ್ಟ ಎಂಟು ಜಾಗಗಳಲ್ಲಿ ನಿಲ್ಲಿಸುತ್ತೇನೆ. ಪ್ರತಿ ಜಾಗಕ್ಕೆ ನಾಲ್ಕು ನಿಮಿಷ. ಕಾಯಿ ಮುಟ್ಟದೆ ಯೋಚಿಸಿ ನಡೆಯನ್ನೂ, ಅದಕ್ಕೆ ಒಂದು ಸಾಲಿನ ಕಾರಣವನ್ನೂ, ಎದುರಾಳಿ ಕೊಡಬಹುದಾದ ಗಟ್ಟಿ ಉತ್ತರವನ್ನೂ ಬರೆಯಬೇಕು. ಮಾಸ್ಟರ್ ಆಡಿದ ನಡೆಯೇ ಗಟ್ಟಿ ಕಾರಣದ ಜೊತೆ ಬಂದರೆ ಮೂರು ಅಂಕ, ಬೇರೆ ನಡೆಯಾಗಿದ್ದು ಕಾರಣ ಗಟ್ಟಿಯಿದ್ದರೆ ಎರಡು, ನಡೆ ಸರಿಯಿದ್ದು ಕಾರಣ ಖಾಲಿಯಿದ್ದರೆ ಒಂದೇ, ಕಾಯಿ ಸುಮ್ಮನೆ ಕಳೆದುಕೊಳ್ಳುವ ನಡೆಗೆ ಒಂದು ಅಂಕ ಕಡಿತ. ಸರಿ ನಡೆಗಿಂತ ಗಟ್ಟಿ ಕಾರಣಕ್ಕೆ ಹೆಚ್ಚು ಅಂಕ ಯಾಕೆ ಎಂದು ಮಕ್ಕಳು ಜಗಳವಾಡುತ್ತಾರೆ, ಆಡಲಿ. ಅಂದಾಜಿನಲ್ಲಿ ಬಂದ ನಡೆ ಮುಂದಿನ ಆಟಕ್ಕೆ ಬರುವುದಿಲ್ಲ.

ಈ ಎಂಟು ಜಾಗ ಆರಿಸುವುದರಲ್ಲೇ ಪಾಠದ ಮುಕ್ಕಾಲು ಪಾಲು ಇದೆ. ಕಾಯಿ ಬಲಿ ಕೊಡುವ ಜಾಗಗಳನ್ನೇ ಆರಿಸಿದರೆ ಎರಡನೇ ವಾರಕ್ಕೆ ಮಕ್ಕಳು ಎಲ್ಲ ಕಡೆಯೂ ಬಲಿ ಕೊಡುತ್ತಾರೆ. ನನ್ನ ಲೆಕ್ಕ ಹೀಗೆ: ಸದ್ದಿಲ್ಲದ (ಕಾಯಿ ತಿನ್ನದ, ಚೆಕ್ ಕೊಡದ) ನಡೆ ಮೂರು, ಕಾಯಿ ಬದಲಾಯಿಸಬೇಕೋ ಬೇಡವೋ ಎನ್ನುವ ಜಾಗ ಎರಡು, ಎದುರಾಳಿಯ ಬೆದರಿಕೆಗೆ ಉತ್ತರ ಹುಡುಕುವುದು ಒಂದು, ಲೆಕ್ಕ ಹಾಕಲೇಬೇಕಾದ ಹೊಡೆತ ಎರಡು. ಕ್ರಮ ಪ್ರತಿಸಲ ಬೇರೆ.

ಆಟಗಾರರ ಸರದಿಯಲ್ಲೂ ಯೋಚನೆ ಬೇಕು. ಮೊದಲ ತಿಂಗಳು ಹತ್ತೊಂಬತ್ತನೇ ಶತಮಾನದ ಅಮೆರಿಕದ ಆಟಗಾರ ಪಾಲ್ ಮಾರ್ಫಿ. 1858ರಲ್ಲಿ ಪ್ಯಾರಿಸ್‌ನ ಒಪೆರಾ ಭವನದಲ್ಲಿ ಆಡಿದ 17 ನಡೆಗಳ ಆಟವನ್ನು ಎಲ್ಲರೂ ತೋರಿಸುತ್ತಾರೆ, ಆದರೆ ಕೊನೆಯ ರಾಣಿ ಬಲಿಯನ್ನಷ್ಟೇ ತೋರಿಸುತ್ತಾರೆ. ನಾನು ನಿಲ್ಲಿಸುವುದು ಎಂಟನೇ ನಡೆಯಲ್ಲಿ. ಮಾರ್ಫಿಯ ಬಿಳಿ ರಾಣಿ ಬಿ7 ಮನೆಯ (ಅಕ್ಷರ ನೆಟ್ಟಸಾಲಿಗೆ, ಅಂಕಿ ಅಡ್ಡಸಾಲಿಗೆ) ಪಾನ್, ಅಂದರೆ ಕಾಲಾಳನ್ನು, ತಿನ್ನಬಹುದು. ಮಕ್ಕಳಲ್ಲಿ ಹೆಚ್ಚಿನವರು ತಿನ್ನುತ್ತಾರೆ. ತಿಂದರೆ ಕಪ್ಪು ರಾಣಿ ಬಿ4ಗೆ ಬಂದು ಚೆಕ್ ಕೊಟ್ಟು ರಾಣಿ ಬದಲಿಗೆ ಒತ್ತಾಯಿಸುತ್ತದೆ, ಒಂದು ಪಾನ್ ಲಾಭ ಸಿಕ್ಕರೂ ದಾಳಿ ಅಲ್ಲಿಗೆ ಮುಗಿಯುತ್ತದೆ. ಮಾರ್ಫಿ ಪಾನ್ ಬಿಟ್ಟು ಕುದುರೆಯನ್ನು ಸಿ3ಗೆ ತಂದ. ಆಟ ಮುಗಿದಾಗ ಕಪ್ಪಿನ ಎಫ್8ರ ಒಂಟೆ, ಎಚ್8ರ ಆನೆ ಎರಡೂ ಹುಟ್ಟಿದ ಮನೆಯಲ್ಲೇ ಇವೆ. ಅದನ್ನು ಎಣಿಸಿ ಬರೆಯುವುದೇ ಅವತ್ತಿನ ಮನೆಪಾಠ.

ಎರಡನೇ ತಿಂಗಳು ಕ್ಯಾಪಾಬ್ಲಾಂಕ. 1921ರಿಂದ 1927ರವರೆಗೆ ವಿಶ್ವ ಚಾಂಪಿಯನ್ ಆಗಿದ್ದ ಕ್ಯೂಬಾದವನು. ಅವನ ನಡೆಗಳು ಸರಳವಾಗಿ ಕಾಣುತ್ತವೆ, ಅದಕ್ಕೇ 1400–1700 ಮಟ್ಟದ ಮಕ್ಕಳಿಗೆ ಇವನಿಗಿಂತ ಒಳ್ಳೆಯ ಮೇಷ್ಟ್ರಿಲ್ಲ. 1924ರ ನ್ಯೂಯಾರ್ಕ್ ಟೂರ್ನಿಯಲ್ಲಿ ಟಾರ್ಟಕೋವರ್ ವಿರುದ್ಧ ಬಂದ ಆನೆ ಎಂಡ್‌ಗೇಮಿಗೆ (ಕಾಯಿ ಕಮ್ಮಿಯಾದ ಕೊನೆಯ ಹಂತ) ನಾನು ಎರಡು ತರಗತಿ ಕೊಡುತ್ತೇನೆ. ಬಿಳಿ ಆನೆ ಎಚ್7ರಲ್ಲಿ ಕೂತು ಕಪ್ಪು ರಾಜನನ್ನು ಕೊನೆಯ ಸಾಲಿಗೆ ಕಟ್ಟಿಹಾಕಿದೆ. ಜಿ5ರಲ್ಲಿ ಬಿಳಿಯ ಪಾನ್ ಇದೆ. ಆದರೆ ಸಿ3ರ ಪಾನ್ ಅಪಾಯದಲ್ಲಿದೆ. ಇಲ್ಲಿ ನಿಲ್ಲಿಸಿ ಕೇಳಿದರೆ ಬಹುತೇಕ ಎಲ್ಲರೂ ಆನೆಯನ್ನು ಹಿಂದಕ್ಕೆ ಕರೆದು ಸಿ3 ಕಾಯುತ್ತಾರೆ.

ಕ್ಯಾಪಾಬ್ಲಾಂಕ 35ನೇ ನಡೆಯಲ್ಲಿ ರಾಜನನ್ನು ಜಿ3ಗೆ ತಂದ. ಕಪ್ಪು ಆನೆ ಸಿ3ರ ಪಾನ್ ತಿಂದು ಚೆಕ್ ಕೊಟ್ಟಿತು. ರಾಜ ಎಚ್4ಗೆ ಹೋದ. ಮುಂದೆ ಪಾನ್ ಜಿ6ಕ್ಕೆ ಏರಿತು, ಕಪ್ಪು ಆನೆ ಎಫ್4ರ ಪಾನನ್ನೂ ಚೆಕ್ ಸಮೇತ ತಿಂದಿತು. ರಾಜ ಜಿ5ಕ್ಕೆ, ಅಲ್ಲಿಂದ 39ನೇ ನಡೆಯಲ್ಲಿ ಎಫ್6ಕ್ಕೆ. ಎರಡು ಪಾನ್ ಬಿಟ್ಟುಕೊಟ್ಟದ್ದು ರಾಜನನ್ನು ಈ ಒಂದು ಮನೆಗೆ ತರುವುದಕ್ಕೆ. ಈಗ ಬಿಳಿ ಆನೆ ಎಚ್8ಕ್ಕೆ ಹೋದರೆ ಮೇಟ್. ಇ7, ಜಿ7 ಮನೆಗಳನ್ನು ಬಿಳಿ ರಾಜ ಕಾಯುತ್ತಾನೆ, ಎಫ್7ನ್ನು ಪಾನ್ ಕಾಯುತ್ತದೆ. ಕಪ್ಪು ರಾಜನನ್ನು ಜಿ8ಕ್ಕೆ ಸರಿಸಿತು, ಆಗ ಬಿಳಿ ಆನೆ ಜಿ7ರಲ್ಲಿ ಚೆಕ್ ಕೊಟ್ಟು ಸಿ7ರ ಪಾನನ್ನು ಬಾಚಿಕೊಂಡಿತು.

ಇನ್ನೊಂದು ಸೂಕ್ಷ್ಮವನ್ನು ಮಕ್ಕಳು ತಾವಾಗಿ ಹೇಳುವವರೆಗೆ ಕಾಯುತ್ತೇನೆ. ದಾರಿಯಲ್ಲಿ ಎಫ್5ರ ಕಪ್ಪು ಪಾನ್ ತಿನ್ನಲು ಸಿಗುತ್ತಿದ್ದರೂ ರಾಜ ತಿನ್ನಲಿಲ್ಲ. ಯಾಕೆಂದರೆ ಆ ಪಾನ್ ಅಲ್ಲಿರುವವರೆಗೆ ಕಪ್ಪು ಆನೆ ಎಫ್ ಸಾಲಿನಲ್ಲಿ ಹಿಂದಿನಿಂದ ಚೆಕ್ ಕೊಡಲಾಗದು. ಎದುರಾಳಿಯ ಪಾನೇ ಕೊಡೆ. ಇದನ್ನು ಒಮ್ಮೆ ಕಂಡ ಮಗು ಆನೆ ಎಂಡ್‌ಗೇಮಿನಲ್ಲಿ ಪಾನ್ ಎಣಿಸುವುದಕ್ಕಿಂತ ಮೊದಲು ರಾಜ ಎಲ್ಲಿದ್ದಾನೆ ಎಂದು ನೋಡಲು ಶುರುಮಾಡುತ್ತದೆ. ಎರಡನೇ ತರಗತಿಯಲ್ಲಿ ಇದೇ ಸ್ಥಿತಿಯನ್ನು ಜೋಡಿಗಳಲ್ಲಿ, ತಲಾ ಹದಿನೈದು ನಿಮಿಷದ ಗಡಿಯಾರವಿಟ್ಟು ಆಡಿಸಬೇಕು. ನಡೆ ಗೊತ್ತಿದ್ದೂ ಬಿಳಿಯಲ್ಲಿ ಗೆಲ್ಲಲು ತಡವರಿಸುವವರು ಇರುತ್ತಾರೆ. ಸಮಸ್ಯೆ ಸಾಮಾನ್ಯವಾಗಿ 41ನೇ ನಡೆಯ ನಂತರದ್ದು.

ಇದೇ ತಿಂಗಳಲ್ಲಿ ಮೀರ್ ಸುಲ್ತಾನ್ ಖಾನ್ ಬದುಕಿನ ಪುಟವನ್ನೂ ಸೇರಿಸುತ್ತೇನೆ. ಪಂಜಾಬಿನಿಂದ ಜಮೀನ್ದಾರನ ಪರಿವಾರದ ಜೊತೆ ಇಂಗ್ಲೆಂಡಿಗೆ ಹೋದವನು. ಭಾರತದ ಹಳೆಯ ನಿಯಮದ ಆಟದಲ್ಲಿ ಬೆಳೆದು, ಯುರೋಪಿನ ನಿಯಮ ಕಲಿತದ್ದು ತಡವಾಗಿ. ಓಪನಿಂಗ್ ಪುಸ್ತಕದ ಓದು ಕಮ್ಮಿ. ಆದರೂ 1929, 1932, 1933ರಲ್ಲಿ ಬ್ರಿಟಿಷ್ ಚಾಂಪಿಯನ್, 1930–31ರ ಹೇಸ್ಟಿಂಗ್ಸ್‌ನಲ್ಲಿ ಕ್ಯಾಪಾಬ್ಲಾಂಕನನ್ನೇ ಸೋಲಿಸಿದ. 2024ರಲ್ಲಿ ವಿಶ್ವ ಚೆಸ್ ಸಂಸ್ಥೆ ಫಿಡೆ ಅವನಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪಟ್ಟ ಕೊಟ್ಟಿತು. ಅವನ ಆಟಗಳಲ್ಲಿ ಮೊದಲ ಹನ್ನೆರಡು ನಡೆ ಬಿಟ್ಟು ಮುಂದಿನದನ್ನು ಓದಿಸಿದರೆ ಮಿಡಲ್‌ಗೇಮ್, ಎಂಡ್‌ಗೇಮ್ ಬಲ ಎಷ್ಟು ದೂರ ಒಯ್ಯುತ್ತದೆ ಎಂದು ಬೇರೆ ವಿವರಣೆ ಬೇಕಾಗುವುದಿಲ್ಲ. ದುಬಾರಿ ಓಪನಿಂಗ್ ಕೋರ್ಸು ಕೊಡಿಸಬೇಕಾ ಎಂದು ಕೇಳುವ ತಂದೆತಾಯಿಗೂ ನಾನು ಇದೇ ಪುಟ ತೋರಿಸುವುದು.

ಬದುಕಿನ ಪುಟ ಅಂದರೆ ಜೀವನಚರಿತ್ರೆಯಲ್ಲ. ನೋಟ್‌ಬುಕ್ಕಿನ ಒಂದು ಪುಟದಲ್ಲಿ ನಾಲ್ಕು ಕಾಲಮ್ಮು: ವರ್ಷ, ವಯಸ್ಸು, ಏನು ಸಿಕ್ಕಿತು, ಏನು ಕೈತಪ್ಪಿತು. ನಾಲ್ಕನೆಯದು ಖಾಲಿ ಬಿಡುವಂತಿಲ್ಲ. ವಿಶ್ವನಾಥನ್ ಆನಂದ್ ಅವರದ್ದು ತುಂಬಿಸಿದರೆ ಹೀಗೆ ಬರುತ್ತದೆ. 1987ರಲ್ಲಿ ವಿಶ್ವ ಜೂನಿಯರ್ ಚಾಂಪಿಯನ್, 1988ರಲ್ಲಿ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್. 1995ರಲ್ಲಿ ನ್ಯೂಯಾರ್ಕಿನಲ್ಲಿ ಕಾಸ್ಪರೋವ್ ವಿರುದ್ಧ ಒಂಬತ್ತನೇ ಆಟ ಗೆದ್ದು ಮುಂದಿದ್ದವರು ಮುಂದಿನ ಐದು ಆಟಗಳಲ್ಲಿ ನಾಲ್ಕು ಸೋತರು. 1998ರಲ್ಲಿ ಲೂಸಾನ್‌ನಲ್ಲಿ ಕಾರ್ಪೋವ್‌ಗೆ ಸೋಲು. ವಿಶ್ವ ಪಟ್ಟ ಬಂದದ್ದು 2000ದಲ್ಲಿ, ಟೆಹರಾನಿನಲ್ಲಿ ಶಿರೋವ್ ವಿರುದ್ಧ, 31ನೇ ವಯಸ್ಸಿನಲ್ಲಿ. ಗ್ರ್ಯಾಂಡ್‌ಮಾಸ್ಟರ್ ಆದಮೇಲೆ ಹನ್ನೆರಡು ವರ್ಷ, ನಡುವೆ ಎರಡು ದೊಡ್ಡ ಸೋಲು. ಪೋಸ್ಟರಿನಲ್ಲಿ ಈ ಹನ್ನೆರಡು ವರ್ಷ ಕಾಣುವುದೇ ಇಲ್ಲ.

ಆನಂದ್ ಆಟಗಳಲ್ಲಿ ನಾನು ಆರಿಸುವುದು ಎರಡು. 2012ರ ಮಾಸ್ಕೋ ವಿಶ್ವ ಚಾಂಪಿಯನ್‌ಷಿಪ್ ಪಂದ್ಯದಲ್ಲಿ ಗೆಲ್ಫಂಡ್ ವಿರುದ್ಧ ಏಳನೇ ಆಟ ಸೋತು, ಮರುದಿನವೇ ಎಂಟನೇ ಆಟವನ್ನು 17 ನಡೆಗಳಲ್ಲಿ ಗೆದ್ದದ್ದು. ಕಪ್ಪು ರಾಣಿ ಎಚ್1ರ ಆನೆ ತಿಂದು ಮೂಲೆಯಲ್ಲೇ ಸಿಕ್ಕಿಬಿತ್ತು. ಬಿಳಿ ರಾಣಿ ಎಫ್2ಗೆ ಬಂದ ಕೂಡಲೇ ಗೆಲ್ಫಂಡ್ ಕೈಚೆಲ್ಲಿದರು. ಸೋತ ಮರುದಿನ ಆಡುವುದು ಹೇಗೆ ಎಂಬ ಪ್ರಶ್ನೆಗೆ ಇದು ಸಾಕು. ಇನ್ನೊಂದು, 2013ರ ವೈಕ್ ಆನ್ ಝೀಯಲ್ಲಿ ಅರೋನಿಯನ್ ವಿರುದ್ಧ ಕಪ್ಪಿನಲ್ಲಿ 23 ನಡೆಗಳ ಗೆಲುವು. ಇದನ್ನು 1800 ದಾಟಿದವರಿಗೆ ಮಾತ್ರ ಕೊಡಬೇಕು. ಕೆಳಗಿನವರಿಗೆ ಬರೀ ಪಟಾಕಿಯಾಗಿ ಕಾಣುತ್ತದೆ. ಬಲಿದಾನದ ದಾಳಿಗೆ ಹೆಸರಾದ ಮಿಖಾಯಿಲ್ ತಾಲ್ ಆಟಗಳನ್ನು ನಾನು ಮೊದಲ ವರ್ಷ ಮುಟ್ಟಿಸದಿರುವುದಕ್ಕೂ ಇದೇ ಕಾರಣ.

ಗುಕೇಶ್ ತಿಂಗಳು ಬಂದಾಗ ತರಗತಿಗೆ ಯಾರೂ ತಪ್ಪಿಸಿಕೊಳ್ಳುವುದಿಲ್ಲ. 2024ರ ಸಿಂಗಪುರದ ವಿಶ್ವ ಚಾಂಪಿಯನ್‌ಷಿಪ್ ಪಂದ್ಯವನ್ನು ಮೊದಲು ಫಲಿತಾಂಶದ ಸಾಲಾಗಿ ಬರೆಸುತ್ತೇನೆ: ಒಂದನೇ ಆಟ ಸೋಲು, ಮೂರನೆಯದು ಗೆಲುವು, ಹನ್ನೊಂದು ಗೆಲುವು, ಹನ್ನೆರಡು ಸೋಲು, ಹದಿನಾಲ್ಕು ಗೆಲುವು, ಉಳಿದದ್ದೆಲ್ಲ ಡ್ರಾ, ಮೊತ್ತ 7.5–6.5. ಹದಿನಾಲ್ಕನೇ ಆಟ ಡಿಸೆಂಬರ್ 12ರದ್ದು. ಆನೆ, ಒಂಟೆ ಇಬ್ಬರ ಬಳಿಯೂ ಒಂದೊಂದು, ಪಾನ್ ಗುಕೇಶ್‌ಗೆ ಎರಡು, ಆಗಿನ ವಿಶ್ವ ಚಾಂಪಿಯನ್ ಡಿಂಗ್ ಲಿರೆನ್‌ಗೆ ಒಂದು. ಸರಿಯಾಗಿ ಆಡಿದರೆ ಡ್ರಾ. 55ನೇ ನಡೆಯಲ್ಲಿ ಡಿಂಗ್ ಆನೆಯನ್ನು ಎಫ್2ಗೆ ತಂದು ಆನೆ ಬದಲಿಗೆ ಮುಂದಾದರು. ಗುಕೇಶ್ ಆನೆ ಬದಲಾಯಿಸಿ ಒಂಟೆಯನ್ನು ಡಿ5ಕ್ಕೆ ಇಟ್ಟರು. ಎ8ರ ಮೂಲೆಯಲ್ಲಿದ್ದ ಡಿಂಗ್ ಅವರ ಬಿಳಿ ಒಂಟೆಗೆ ತಪ್ಪಿಸಿಕೊಳ್ಳಲು ಜಾಗವಿಲ್ಲ, ಅದೂ ಬದಲಾಯಿತು. ಉಳಿದದ್ದು ರಾಜ ಮತ್ತು ಪಾನ್‌ಗಳು. 58 ನಡೆಗೆ ಮುಗಿಯಿತು.

ಇಲ್ಲಿ ಕೇಳುವ ಪ್ರಶ್ನೆ ಡಿಂಗ್ ಏನು ತಪ್ಪು ಮಾಡಿದರು ಎಂದಲ್ಲ. ಆನೆ ಹೋದಮೇಲೆ ಒಂಟೆ ಹೋಗುತ್ತದೆಯೇ, ಒಂಟೆ ಹೋದಮೇಲೆ ಪಾನ್ ಎಂಡ್‌ಗೇಮ್ ಗೆಲುವೇ ಡ್ರಾನೇ? ಬದಲಿ ಮಾಡುವ ಮೊದಲು ಎರಡು ಬದಲಿ ಆಚೆಯ ಬೋರ್ಡನ್ನು ನೋಡುವ ಅಭ್ಯಾಸ ಇದು. ನಮ್ಮ ಜಿಲ್ಲಾ ಮಟ್ಟದ ಆಟಗಳಲ್ಲಿ ಅರ್ಧ ಪಾಯಿಂಟ್ ಹೋಗುವುದು ಹೆಚ್ಚಾಗಿ ಇಲ್ಲೇ. ಜೊತೆಗೆ ಇನ್ನೊಂದು ರೋಗ: ಇಪ್ಪತ್ತನೇ ನಡೆಗೆ ಕೈಕುಲುಕಿ ಡ್ರಾ ಮಾಡಿಕೊಳ್ಳುವುದು. ಅದಕ್ಕೆ ತರಗತಿಯೊಳಗಿನ ಆಟಗಳಲ್ಲಿ ನಲವತ್ತನೇ ನಡೆಗೆ ಮೊದಲು ಡ್ರಾ ಕೇಳುವಂತಿಲ್ಲ ಎಂಬ ಕಟ್ಟುಪಾಡು ಇಟ್ಟಿದ್ದೇನೆ.

ಗುಕೇಶ್ ವಿಚಾರದಲ್ಲಿ ಕಲಿಯಬೇಕಾದ ಇನ್ನೊಂದು ಸಂಗತಿ ಎಂಜಿನ್ನಿನದ್ದು. ಅವರ ಕೋಚ್ ವಿಷ್ಣು ಪ್ರಸನ್ನ ಬಹಳ ಕಾಲ ಎಂಜಿನ್ ಇಲ್ಲದೆಯೇ ಅವರನ್ನು ಬೆಳೆಸಿದರು. ನಾವು ಆ ಮಟ್ಟಕ್ಕೆ ಕಟ್ಟುನಿಟ್ಟಾಗಬೇಕಿಲ್ಲ, ಆದರೆ ಕ್ರಮ ಬೇಕು. ಮಗು ಮೊದಲು ತನ್ನ ಆಟವನ್ನು ಕೈಬರಹದಲ್ಲಿ ವಿಮರ್ಶಿಸಬೇಕು: ಎಲ್ಲಿ ಗೊಂದಲವಾಯಿತು, ಯಾವ ನಡೆಗೆ ಎಷ್ಟು ಸಮಯ ಹೋಯಿತು. ಆಮೇಲೆ ಸ್ಟಾಕ್‌ಫಿಶ್ ಎಂಜಿನ್. ಅದರಲ್ಲೂ ಅಂಕ ಒಂದೂವರೆಗಿಂತ ಹೆಚ್ಚು ಏರುಪೇರಾದ ಜಾಗಗಳನ್ನಷ್ಟೇ ನೋಡಿದರೆ ಸಾಕು. 0.3ಕ್ಕೂ 0.6ಕ್ಕೂ ಇರುವ ವ್ಯತ್ಯಾಸ 1500 ಮಟ್ಟದಲ್ಲಿ ಆಟ ತೀರ್ಮಾನಿಸುವುದಿಲ್ಲ. ಎಂಜಿನ್ನನ್ನು ಮೊದಲೇ ತೆರೆದ ಮಗು ‘ಇದು ತಪ್ಪು’ ಎನ್ನುತ್ತದೆ, ಯಾಕೆ ತಪ್ಪು ಎಂದು ಕೇಳಿದರೆ ‘ಕೆಂಪು ತೋರಿಸ್ತು ಸಾರ್’ ಎನ್ನುತ್ತದೆ.

ಇನ್ನು ತಂದೆತಾಯಿಯ ಪ್ರಶ್ನೆ. ‘ನಮ್ಮವನು ಎಷ್ಟು ವರ್ಷಕ್ಕೆ ಗ್ರ್ಯಾಂಡ್‌ಮಾಸ್ಟರ್ ಆಗ್ತಾನೆ ಸಾರ್?’ ಗುಕೇಶ್‌ಗೆ ಆ ಪಟ್ಟ ಬಂದಾಗ 12 ವರ್ಷ 7 ತಿಂಗಳು, ಪ್ರಜ್ಞಾನಂದಗೆ 12 ವರ್ಷ 10 ತಿಂಗಳು. ಈ ಎರಡು ಅಂಕಿ ಮನೆಮನೆ ತಲುಪಿವೆ. ತಲುಪದ ಅಂಕಿ ನಮ್ಮ ಪಕ್ಕದ ಜಿಲ್ಲೆಯದ್ದೇ: ಮೈಸೂರಿನ ಎಂ.ಎಸ್. ತೇಜ್‌ಕುಮಾರ್ 2017ರಲ್ಲಿ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದಾಗ ಮೂವತ್ತರ ಮಧ್ಯ ದಾಟಿತ್ತು, ರೈಲ್ವೆ ನೌಕರಿಯೂ ಜೊತೆಗಿತ್ತು. ಪಟ್ಟಕ್ಕೆ ಬೇಕಾದದ್ದು 2500 ರೇಟಿಂಗ್, ಜೊತೆಗೆ ಒಟ್ಟು 27 ಆಟಗಳ ನಾರ್ಮ್‌ಗಳು (ಪಟ್ಟದ ಮಟ್ಟದ ಟೂರ್ನಿ ಸಾಧನೆ). ಸಾಮಾನ್ಯವಾಗಿ ಒಂಬತ್ತು ಸುತ್ತಿನ ಮೂರು ಟೂರ್ನಿ, ಪ್ರತಿಯೊಂದರಲ್ಲೂ 2600 ಮಟ್ಟದ ಸಾಧನೆ, ಎದುರಾಳಿಗಳಲ್ಲಿ ಮೂರನೇ ಒಂದು ಪಾಲು ಗ್ರ್ಯಾಂಡ್‌ಮಾಸ್ಟರ್‌ಗಳು. ಅಡ್ಡದಾರಿಯಲ್ಲ, ಆದರೆ ನೇರದಾರಿಯೂ ಒಂದಿದೆ: 2025ರ ಜುಲೈನಲ್ಲಿ ಬಟುಮಿಯಲ್ಲಿ ಮಹಿಳಾ ವಿಶ್ವಕಪ್ ಗೆದ್ದ ದಿವ್ಯಾ ದೇಶ್‌ಮುಖ್‌ಗೆ ಒಂದೂ ಗ್ರ್ಯಾಂಡ್‌ಮಾಸ್ಟರ್ ನಾರ್ಮ್ ಇರಲಿಲ್ಲ, ಗೆಲುವಿನ ಜೊತೆ ಪಟ್ಟವೂ ಬಂತು. ಫೈನಲಿನಲ್ಲಿ ಅವರ ಎದುರು ಕೂತಿದ್ದ ಕೊನೇರು ಹಂಪಿ ತಾಯಿಯಾಗಿ ಆಟದಿಂದ ದೂರವಿದ್ದು, ಮರಳಿದ ಮೇಲೆ 2019 ಮತ್ತು 2024ರಲ್ಲಿ ವಿಶ್ವ ರ‍್ಯಾಪಿಡ್ ಪಟ್ಟ ಗೆದ್ದವರು. ಹೆಣ್ಣುಮಕ್ಕಳನ್ನು ಎಸ್ಸೆಸ್ಸೆಲ್ಸಿ ಬಂತು ಎಂದು ಆಟ ಬಿಡಿಸುವ ಮನೆಗಳಲ್ಲಿ ಹಂಪಿಯ ಪುಟ ಓದಿಸಬೇಕು.

ಗ್ರ್ಯಾಂಡ್‌ಮಾಸ್ಟರ್ ಮಾತು ಪಕ್ಕಕ್ಕಿಟ್ಟು ಮನೆಯವರಿಗೆ ನಾನು ಕಲಿಸುವುದು ರೇಟಿಂಗ್ ಲೆಕ್ಕ. 18 ವರ್ಷದೊಳಗಿನ, 2300ಕ್ಕಿಂತ ಕೆಳಗಿನ ಮಕ್ಕಳಿಗೆ ಕೆ-ಅಂಶ (ಒಂದು ಆಟಕ್ಕೆ ರೇಟಿಂಗ್ ಎಷ್ಟು ಏರಿಳಿಯಬೇಕೆಂದು ತೀರ್ಮಾನಿಸುವ ಗುಣಕ) 40. 1450ರ ಮಗು 1650ರವರ ಎದುರು ಕೂತರೆ ನಿರೀಕ್ಷಿತ ಅಂಕ 0.24. ಗೆದ್ದರೆ 30.4 ಏರಿಕೆ, ಡ್ರಾ ಆದರೆ 10.4, ಸೋತರೆ ಇಳಿಯುವುದು 9.6 ಮಾತ್ರ. ಅದೇ ಮಗು ತನಗಿಂತ 200 ಕಮ್ಮಿಯವರಿಗೆ ಸೋತರೆ 30.4 ಹೋಗುತ್ತದೆ. ಹಾಗಾಗಿ ಮಂಗಳೂರು, ಮೈಸೂರು, ಶಿವಮೊಗ್ಗದ ಟೂರ್ನಿಗಳಲ್ಲಿ ಬಲವಾದ ವಿಭಾಗ ಇದ್ದರೆ ಅದಕ್ಕೇ ಸೇರಿಸಿ, ಬಹುಮಾನದ ಆಸೆಗೆ ಕೆಳಗಿನದ್ದಕ್ಕೆ ಬೇಡ.

ಮೊದಲ ರೇಟಿಂಗಿನ ಲೆಕ್ಕ ಬೇರೆ. ರೇಟಿಂಗ್ ಇರುವವರ ವಿರುದ್ಧ ಐದು ಆಟ ಬೇಕು. ಅದಕ್ಕೆ 1800ರ ಇಬ್ಬರು ಕಾಲ್ಪನಿಕ ಎದುರಾಳಿಗಳ ಜೊತೆ ಡ್ರಾ ಎಂದು ಸೇರಿಸಿ ಲೆಕ್ಕ ಹಾಕುತ್ತಾರೆ. 1500ರ ಐವರ ಎದುರು ಎರಡು ಅಂಕ ಗಳಿಸಿದರೆ, ಸೇರಿಸಿದ ಮೇಲೆ ಏಳು ಆಟಕ್ಕೆ ಮೂರು ಅಂಕ, ಸರಾಸರಿ 1586, ಕೋಷ್ಟಕದಂತೆ 50 ಕಳೆದು 1536. ಇದನ್ನು ನೋಡಿ ‘ಐದರಲ್ಲಿ ಮೂರು ಸೋತರೂ 1500 ಬಂತಲ್ಲ’ ಎಂದು ಬೀಗುವುದು ಬೇಡ, ಮುಂದಿನ ಎರಡು ಟೂರ್ನಿಯಲ್ಲಿ ಇಳಿಯಬಹುದು. ಹಾಗೆಯೇ 2024ರ ಮಾರ್ಚ್ 1ರಂದು 2000ಕ್ಕಿಂತ ಕೆಳಗಿದ್ದವರಿಗೆಲ್ಲ ಕೊರತೆಯ ಶೇ 40ರಷ್ಟು ಫಿಡೆ ಸೇರಿಸಿತು. 1200 ಇದ್ದವರು ಒಂದೇ ದಿನಕ್ಕೆ 1520 ಆದರು. ಆ ದಿನಾಂಕದ ಹಿಂದಿನ, ಮುಂದಿನ ಅಂಕಿಗಳನ್ನು ಹೋಲಿಸುವಂತೆಯೇ ಇಲ್ಲ.

ಟೂರ್ನಿಗೆ ಹೊರಡುವಾಗ ಹೇಳುವುದು ಸ್ವಲ್ಪವೇ. 90 ನಿಮಿಷ, ಪ್ರತಿ ನಡೆಗೆ 30 ಸೆಕೆಂಡ್ ಸೇರುವ ಆಟ ಅರವತ್ತು ನಡೆಗೆ ಹೋದರೆ ನಾಲ್ಕು ಗಂಟೆ ಹಿಡಿಯಬಹುದು. ದಿನಕ್ಕೆ ಎರಡು ಸುತ್ತಿದ್ದರೆ ನಡುವೆ ಹೊಟ್ಟೆಗೆ ಹಗುರವಾಗಿ ಇಡ್ಲಿಯೋ ಮೊಸರನ್ನವೋ ಸಾಕು, ಬಿರಿಯಾನಿ ತಿಂದು ಕೂತವರು ಮಧ್ಯಾಹ್ನದ ಸುತ್ತಿನಲ್ಲಿ ಆಕಳಿಸುತ್ತಾರೆ. ಫೋನು ಆಟದ ಹಾಲ್‌ನ ಹೊರಗೇ ಇರಲಿ, ಒಳಗೆ ಜೇಬಿನಲ್ಲಿ ಸಿಕ್ಕರೂ ಆಟ ಹೋಯಿತು. ನಿಯಮಬಾಹಿರ ನಡೆಗೆ ಮೊದಲ ಸಲ ಎದುರಾಳಿಗೆ ಎರಡು ನಿಮಿಷ ಹೆಚ್ಚುವರಿ, ಎರಡನೇ ಸಲ ಸೋಲು. ಡ್ರಾ ಕೇಳಿದರೆ ಸ್ಕೋರ್‌ಶೀಟಿನಲ್ಲಿ ಸಮ ಚಿಹ್ನೆ ಹಾಕಬೇಕು. ನಡೆ ಆಡಿದ ಮೇಲೆ, ಗಡಿಯಾರ ಒತ್ತುವ ಮೊದಲು ಕೇಳಬೇಕು.

ಸ್ಕೋರ್‌ಶೀಟಿನ ಅಂಚಿನಲ್ಲಿ ಪ್ರತಿ ಐದು ನಡೆಗೊಮ್ಮೆ ಉಳಿದ ನಿಮಿಷ ಬರೆಯುವುದನ್ನೂ ಕಡ್ಡಾಯ ಮಾಡಿದ್ದೇನೆ. ಊರಿಗೆ ವಾಪಸು ಬಂದಮೇಲೆ ಆ ಹಾಳೆಯನ್ನು ಆ ತಿಂಗಳ ಆಟಗಾರನ ಆಟದ ಪಕ್ಕದಲ್ಲೇ ನೋಟ್‌ಬುಕ್ಕಿಗೆ ಅಂಟಿಸಿ, ನಿಮಿಷ ಜಾಸ್ತಿ ತಿಂದ ಮೂರು ನಡೆಗಳಿಗೆ ಸುತ್ತು ಹಾಕಬೇಕು. ಓಪನಿಂಗಿನಲ್ಲೇ ಸುತ್ತು ಬಿದ್ದರೆ ಮುಂದಿನ ತಿಂಗಳು ಅದೇ ಓಪನಿಂಗ್ ಆಡಿದ ಆಟಗಾರ, ಎಂಡ್‌ಗೇಮಿನಲ್ಲಿ ಬಿದ್ದರೆ ಮತ್ತೆ ಕ್ಯಾಪಾಬ್ಲಾಂಕ ಅಥವಾ ಆನೆ ಎಂಡ್‌ಗೇಮಿಗೆ ಹೆಸರಾದ ರೂಬಿನ್‌ಸ್ಟೈನ್. ಮೂರೂ ಸುತ್ತು ಮಿಡಲ್‌ಗೇಮಿನಲ್ಲಿದ್ದು ಆಟ ಗೆದ್ದಿದ್ದರೆ ಸರದಿ ಬದಲಾಯಿಸುವ ಅಗತ್ಯವಿಲ್ಲ.